ತೊಳೆಯದ ಫೋಟೋ

ಊರಿನವರೆಲ್ಲ ಅವರನ್ನು ಕರೆಯುತ್ತಿದ್ದದ್ದು 'ಅಲ್ಲಾಡಬೇಡಿ' ಎಂದು. ಹೆತ್ತವರು ಇಟ್ಟ ಹೆಸರು ಬೇರೆ ಇತ್ತು. ಆದರೆ ಅದು ಅವರ ಫೋಟೋ ಸ್ಟುಡಿಯೋದ ಬೋರ್ಡಿನ ಮೂಲೆಯಲ್ಲಿ ಬಿಸಿಲಿಗೆ ಮಾಸಿ ಹೋಗಿ, ಓದಬೇಕೆಂದರೆ ಏಣಿ ಹಾಕಿಕೊಂಡು ಹತ್ತಬೇಕಿತ್ತು. ಸ್ಟೂಲಿನ ಮೇಲೆ ಹಾಲುಗಲ್ಲದ ಕೂಸೇ ಕೂರಲಿ, ರಿಟೈರ್ ಆದ ಜಡ್ಜೇ ಕೂರಲಿ, ಅವರು ಕ್ಯಾಮೆರಾದ ಹಿಂದೆ ಬಾಗಿ "ಅಲ್ಲಾಡಬೇಡಿ!" ಎಂದು ಒಂದು ಕೂಗು ಹಾಕುತ್ತಿದ್ದರು. ಒಮ್ಮೆ ಆ ಕೂಗಿಗೆ ಹೊರಗೆ ಹೋಗುತ್ತಿದ್ದ ಬಸ್ಸು ಗಕ್ಕನೆ ನಿಂತಿತಂತೆ; ಕಿಟಕಿಯ ಮೇಲಿದ್ದ ಪಾರಿವಾಳ ಬಿಚ್ಚಿದ ರೆಕ್ಕೆ ಮಡಚಲು ಹೆದರಿ ಸಂಜೆಯವರೆಗೂ ಹಾಗೇ ಕೂತಿತಂತೆ. ಬಸ್ಸಿನ ಮಾತು ಸ್ವಲ್ಪ ಹೆಚ್ಚಾಯಿತು ಎನ್ನುವವರಿದ್ದಾರೆ. ಪಾರಿವಾಳದ ಬಗ್ಗೆ ಯಾರೂ ತಕರಾರು ಎತ್ತಿಲ್ಲ.

ಫೋಟೋ ತೆಗೆಯುವುದು ಅವರ ಕೆಲಸ. ತೆಗೆದ ಫೋಟೋವನ್ನು ತೊಳೆಯುವುದು ಹೆಂಡತಿಯ ಕೆಲಸ. ತೊಳೆಯುವುದೆಂದರೆ ನೀರಿನಲ್ಲಲ್ಲ, ಒಳಗಿನ ರೂಮಿನಲ್ಲಿ ಕಂಪ್ಯೂಟರಿನ ಮುಂದೆ ಕೂತು, ಗಿರಾಕಿಯ ಮುಖದ ಮೊಡವೆ, ಕಣ್ಣಿನ ಕೆಳಗಿನ ಕಪ್ಪು, ಕತ್ತಿನ ಸುಕ್ಕು ಎಲ್ಲವನ್ನೂ ಮೌಸಿನಿಂದ ಮೆಲ್ಲಗೆ ಒರೆಸಿ ತೆಗೆಯುವುದು. ಆಕೆಯ ಕೈ ಎಂಥದ್ದೆಂದರೆ, ಆಕೆ ತೊಳೆದ ಫೋಟೋ ಹಿಡಿದು ಗುರುತಿನ ಚೀಟಿ ಮಾಡಿಸಲು ಹೋದ ಒಬ್ಬ ಅಜ್ಜನನ್ನು ಕಚೇರಿಯವರು "ನಿಮ್ಮ ಮೊಮ್ಮಗನ ಫೋಟೋ ಬೇಡ, ನಿಮ್ಮದು ತನ್ನಿ" ಎಂದು ವಾಪಸ್ ಅಟ್ಟಿದ್ದರು. ಆ ಸ್ಟುಡಿಯೋದಲ್ಲಿ ಒಂದು ಪದ್ಧತಿ ಬೆಳೆದುಬಂದಿತ್ತು: ಕ್ಯಾಮೆರಾದಿಂದ ತೆಗೆದ ಮೆಮೊರಿ ಕಾರ್ಡು ನೇರ ಒಳಗಿನ ರೂಮಿಗೆ ಹೋಗಬೇಕು, ಅಲ್ಲಿಂದ ಮಿಂದು ಮಡಿಯಾಗಿಯೇ ಹೊರಗೆ ಬರಬೇಕು. ಹೀಗಾಗಿ ಅಲ್ಲಾಡಬೇಡಿಯವರು ತಾವು ತೆಗೆದ ಫೋಟೋಗಳನ್ನು ತೊಳೆಯುವ ಮೊದಲು ದೊಡ್ಡದು ಮಾಡಿ ನೋಡಿದ್ದೇ ಇಲ್ಲ. "ನನ್ನ ಕ್ಯಾಮೆರಾದಲ್ಲಿ ಬಂದದ್ದು ಅಂದ್ರೆ ಬಂಗಾರ" ಎಂದು ಕಂಡಕಂಡವರ ಮುಂದೆ ಎದೆ ತಟ್ಟಿಕೊಳ್ಳುತ್ತಿದ್ದರು. ಒಳಗಿನ ರೂಮಿನಿಂದ ಒಂದು ಸಣ್ಣ ಕೆಮ್ಮು ಕೇಳಿಸುತ್ತಿತ್ತು, ಅಷ್ಟೇ.

ಹಳೆಯ ಕ್ಯಾಮೆರಾದ ಗುಂಡಿ ಒತ್ತಿದರೆ ಕ್ಲಿಕ್ ಅನ್ನುವ ಬದಲು ನಿಟ್ಟುಸಿರು ಬರಲು ಶುರುವಾದ ಮೇಲೆ, ಅವರು ಹೊಸದೊಂದನ್ನು ತಂದರು. ಫುಲ್ ಫ್ರೇಮ್ ಮಿರರ್‌ಲೆಸ್. ಒಳಗೆ ಕನ್ನಡಿಯಿಲ್ಲ; ಬೆಳಕು ಹಿಡಿಯುವ ಸೆನ್ಸರ್ ಮಾತ್ರ ದೊಡ್ಡದು. ಆ ಕುಲದಲ್ಲೇ ಕೈಗೆಟುಕುವಂಥದ್ದು. ಮೈ ಪ್ಲಾಸ್ಟಿಕ್ಕು, ಕಾರ್ಡು ಹಾಕಲು ಒಂದೇ ಕಿಂಡಿ, ಬ್ಯಾಟರಿಯೋ ಮಾತಾಡುತ್ತಾ ಮಾತಾಡುತ್ತಾ ನಿದ್ದೆ ಹೋಗುವ ಮಾವನಂಥದ್ದು. "ಆದ್ರೆ ಸಾರ್, ಕಣ್ಣು ಮಾತ್ರ ಇದರ ದುಬಾರಿ ಅಣ್ಣಂದೇ" ಎಂದಿದ್ದ ಕ್ಯಾಮೆರಾ ಅಂಗಡಿಯವನು. "ಮನೇಲಿ ಟೆಸ್ಟ್ ಮಾಡಿ. ಇಷ್ಟ ಆಗ್ಲಿಲ್ವಾ, ಈ ವಾರದೊಳಗೆ ವಾಪಸ್ ತನ್ನಿ, ಒಂದು ಮಾತೂ ಕೇಳಲ್ಲ. ಒಂದೇ ವಿಷಯ. ಕಂಪ್ಯೂಟರಲ್ಲಿ ತಿದ್ದಿದ್ದನ್ನ ನೋಡಿ ತೀರ್ಮಾನ ಮಾಡ್ಬೇಡಿ. ತೆಗೆದದ್ದು ತೆಗೆದ ಹಾಗೇ ನೋಡಿ."

ಕ್ಯಾಮೆರಾ ಪರೀಕ್ಷೆಗೂ ಅಲ್ಲಿ ಒಂದು ಕ್ರಮವಿತ್ತು. ಮಧ್ಯಾಹ್ನ ಕಿಟಕಿಯ ಬೆಳಕು ಒಂದು ಪಕ್ಕದಿಂದ ಬೀಳುವಾಗ, ಹೆಂಡತಿ ಅದೇ ಬೂದು ಬಣ್ಣದ ಉಣ್ಣೆಯ ಸ್ವೆಟರ್ ಹಾಕಿಕೊಂಡು ಅದೇ ಸ್ಟೂಲಿನ ಮೇಲೆ ಕೂರಬೇಕು. ಮದುವೆಯಾದಾಗಿನಿಂದ ಸ್ಟುಡಿಯೋಗೆ ಬಂದ ಪ್ರತಿಯೊಂದು ಕ್ಯಾಮೆರಾಕ್ಕೂ ಆಕೆ ಹಾಗೆ ಕೂತಿದ್ದಳು. ಆ ಪರೀಕ್ಷೆಯ ಫೋಟೋಗಳು ಗೋಡೆಯ ಮೇಲೆ ಸಾಲಾಗಿ ನೇತಾಡುತ್ತಿದ್ದವು. ಸ್ವೆಟರ್ ಮಾತ್ರ ವರ್ಷದಿಂದ ವರ್ಷಕ್ಕೆ ಹಳತಾಗಿತ್ತು.

"ಕತ್ತಿನ ಸ್ಕಾರ್ಫ್ ತೆಗಿ" ಎಂದರು.

"ಇರ್ಲಿ ಬಿಡ್ರೀ, ಫ್ಯಾನ್ ಗಾಳಿ."

ಈಚೆಗೆ ಆಕೆಗೆ ಎಲ್ಲೆಲ್ಲೂ ಗಾಳಿಯೇ. ಅಡುಗೆಮನೆಯಲ್ಲೂ ಸ್ಕಾರ್ಫು, ಕಂಪ್ಯೂಟರಿನ ಮುಂದೆಯೂ ಸ್ಕಾರ್ಫು.

"ಪರೀಕ್ಷೆಗೆ ಕೂತವರು ಹೊದ್ದುಕೊಂಡು ಕೂರ್ತಾರಾ? ಕ್ಯಾಮೆರಾಕ್ಕೆ ಮೋಸ ಆಗ್ಬಾರ್ದು."

ಆಕೆ ತೆಗೆದಳು. ಮಡಚಿ ತೊಡೆಯ ಮೇಲಿಟ್ಟುಕೊಂಡಳು. "ಅಲ್ಲಾಡಬೇಡಿ!" ಎಂಬ ಕೂಗು ಮೊಳಗಿತು. ಮುಗಿದ ತಕ್ಷಣ ಆಕೆ ಕೈ ಚಾಚಿದಳು. "ಕಾರ್ಡ್ ಕೊಡಿ, ತೊಳೆದು ಕೊಡ್ತೀನಿ."

"ಬೇಡ. ಈ ಸಲ ಹಸಿಯಾಗೇ ನೋಡ್ಬೇಕಂತೆ."

"ಹಸೀದ್ರಲ್ಲಿ ನಿಮ್ಗೇನ್ರೀ ಗೊತ್ತಾಗುತ್ತೆ? ಇತ್ಲಾಗ್ ಕೊಡಿ."

"ಏ ಇವಳೇ, ಫೋಟೋ ತೆಗೆಯೋನು ನಾನಾ, ನೀನಾ?"

ಅವರು ಕಂಪ್ಯೂಟರಿನ ಮುಂದೆ ಕೂತರು. ಫೋಟೋ ತೆರೆದುಕೊಂಡಾಗ ಬಾಯಿಯೂ ತೆರೆದುಕೊಂಡಿತು. ಸ್ವೆಟರಿನ ಎಳೆ ಎಳೆಯೂ ಬಿಡಿಬಿಡಿ. ಇನ್ನೂ ಸ್ವಲ್ಪ ದೊಡ್ಡದು ಮಾಡಿದರೆ ಯಾವ ಕುರಿಯ ಉಣ್ಣೆ, ಆ ಕುರಿಗೆ ಮಕ್ಕಳೆಷ್ಟು ಎಂದು ಹೇಳಬಹುದಿತ್ತು. ರೆಪ್ಪೆಯ ಕೂದಲು ಸೂಜಿಯ ಹಾಗೆ. ಕಿಟಕಿಯಾಚೆಯ ಬಿಳುಪು ಸುಟ್ಟಿರಲಿಲ್ಲ. ನೆರಳಿದ್ದ ಭಾಗವನ್ನು ಬೆಳಗಿಸಿ ನೋಡಿದರು. ಹಳೆಯ ಕ್ಯಾಮೆರಾದಲ್ಲಿ ಹಾಗೆ ಮಾಡಿದರೆ ಕತ್ತಲಿನೊಳಗಿಂದ ಬಣ್ಣಬಣ್ಣದ ಮರಳು ಎದ್ದು ಬರುತ್ತದೆಂದು ಹೆಂಡತಿ ಗೊಣಗುತ್ತಿದ್ದಳು. ಇದರಲ್ಲಿ ಗುಡಿಸಿ ಒರೆಸಿಟ್ಟ ಕೋಣೆಯ ಹಾಗೆ ನೆರಳು ಚೊಕ್ಕವಾಗಿ ತೆರೆದುಕೊಂಡಿತು.

ಆ ನೆರಳಿನಲ್ಲಿ, ಗಂಟಲಿನ ಗುಳಿಯ ಪಕ್ಕದಲ್ಲಿ, ಒಂದು ಕಲೆ. ಅಂಗಿಯ ಗುಂಡಿಯಷ್ಟು.

"ಸಿಕ್ಕಿಬಿದ್ದೆಯಾ!" ಎಂದು ತೊಡೆ ತಟ್ಟಿದರು. ಕೈಗೆಟುಕುವ ವಸ್ತುವಿನಲ್ಲಿ ಒಂದು ಐಬು ಇರಲೇಬೇಕು ಎಂಬುದು ಅವರ ಬಲವಾದ ನಂಬಿಕೆ. ಐಬು ಸಿಗುವವರೆಗೂ ಅವರಿಗೆ ಊಟ ಸೇರುತ್ತಿರಲಿಲ್ಲ. ಸೆನ್ಸರಿನ ಮೇಲೆ ಧೂಳು ಕೂತಿದೆ ಎಂದುಕೊಂಡು, ರಬ್ಬರ್ ಬ್ಲೋಯರಿನಿಂದ ಬುಸ್ ಬುಸ್ ಎಂದು ಗಾಳಿ ಊದಿ, ಮತ್ತೆ ಹೆಂಡತಿಯನ್ನು ಕೂರಿಸಿದರು.

ಕಲೆ ಇತ್ತು.

ಲೆನ್ಸ್ ಬದಲಿಸಿದರು. ಇತ್ತು. ಧೂಳಾದರೆ ಚಿತ್ರದ ಒಂದೇ ಜಾಗದಲ್ಲಿ ಕೂತಿರಬೇಕು. ಹೆಂಡತಿಯನ್ನು ಚಿತ್ರದ ಎಡ ಅಂಚಿಗೆ ಸರಿಸಿ ತೆಗೆದರು, ಬಲ ಅಂಚಿಗೆ ಸರಿಸಿ ತೆಗೆದರು. ಕಲೆ ಸೆನ್ಸರನ್ನು ಬಿಟ್ಟು ಆಕೆಯ ಹಿಂದೆಯೇ ಓಡಾಡಿತು, ಎಳೆಗರು ತಾಯಿಯ ಹಿಂದೆ ಓಡಾಡುವ ಹಾಗೆ.

"ಸಾಕಾ? ಒಲೆ ಮೇಲೆ ಹಾಲಿಟ್ಟಿದ್ದೀನಿ" ಎಂದಳು ಹೆಂಡತಿ. ಆಗಲೇ ಸ್ಕಾರ್ಫು ಕತ್ತಿಗೆ ಬಂದಿತ್ತು.

ಪಕ್ಕದ ಮಳಿಗೆಯ ಟೈಲರನ್ನು ಕರೆತಂದರು. ಆತ ಕತ್ತಿಗೆ ಅಳತೆಯ ಟೇಪು ನೇತುಹಾಕಿಕೊಂಡೇ ಬಂದು ಸ್ಟೂಲಿನ ಮೇಲೆ ಮದುಮಗನ ಹಾಗೆ ಕೂತ.

"ಏನಣ್ಣಾ, ನನ್ನ ಮುಖಕ್ಕೆ ಇಷ್ಟು ದಿನದ ಮೇಲೆ ಬೆಲೆ ಬಂತಾ?"

"ಮುಖ ಯಾರಿಗೆ ಬೇಕಯ್ಯಾ? ಕತ್ತು ತೋರ್ಸು."

"ಕತ್ತಾ? ನೀವೇನು ಫೋಟೋ ತೆಗೀತೀರೋ, ಕತ್ತು ಕುಯ್ತೀರೋ?"

"ಟೇಪ್ ತೆಗಿ. ಅಲ್ಲಾಡಬೇಡ!"

ಟೈಲರನ ಕತ್ತಿನಲ್ಲಿ ಬೆವರುಸಾಲೆ ಕಂಡಿತು, ಬೆಳಿಗ್ಗೆ ಕ್ಷೌರದಲ್ಲಿ ತಪ್ಪಿಸಿಕೊಂಡ ಒಂದು ಬಿಳಿ ಕೂದಲು ಕಂಡಿತು, ಮಾತು ಹೊರಬೀಳಲು ಹವಣಿಸುತ್ತಿದ್ದದ್ದೂ ಕಂಡಿತು. ಕಲೆ ಮಾತ್ರ ಕಾಣಲಿಲ್ಲ.

ಅಲ್ಲಾಡಬೇಡಿಯವರು ಗೋಡೆಯ ಮೇಲಿನ ಸಾಲಿನ ಮುಂದೆ ಹೋಗಿ ನಿಂತರು. ಎಲ್ಲ ಕ್ಯಾಮೆರಾಗಳ ಹೆಂಡತಿಯರನ್ನೂ ಒಬ್ಬೊಬ್ಬರನ್ನಾಗಿ ನೋಡಿದರು. ಕೊನೆಯದು ಹೋದ ವರ್ಷ ಹಳೆಯ ಕ್ಯಾಮೆರಾ ರಿಪೇರಿಯಾಗಿ ಬಂದಾಗ ತೆಗೆದದ್ದು. ಕತ್ತು ಹಾಲಿನ ಕೆನೆಯ ಹಾಗೆ ನುಣುಪು. ಅವರಿಗೆ ಉಸಿರು ಬಂತು. ಹಾಗಾದರೆ ತಪ್ಪು ಈ ಪ್ಲಾಸ್ಟಿಕ್ ಪೆಟ್ಟಿಗೆಯದ್ದೇ. ಟೈಲರನ ಕತ್ತಿನಲ್ಲಿ ಬಾರದ್ದು ಹೆಂಡತಿಯ ಕತ್ತಿನಲ್ಲೇ ಏಕೆ ಬಂತು ಎಂದು ಮನಸ್ಸು ಕೇಳಿತು. ಅದಕ್ಕೆ ಅವರು ಕಿವಿಗೊಡಲಿಲ್ಲ. ಆದರೆ ಅದು ಟೈಲರನಿಗಿಂತ ಹಟಮಾರಿ, ಕೇಳುತ್ತಲೇ ಹೋಯಿತು.

ಮರುದಿನ ಕೊನೆಯದೊಂದು ಪರೀಕ್ಷೆ ಉಳಿದಿತ್ತು. ಅದನ್ನು ಅವರು ಬೆಳಿಗ್ಗೆಯಿಂದ ಮುಂದೂಡುತ್ತಾ ಬಂದರು. ಲೆನ್ಸ್ ಒರೆಸಿದರು, ಒರೆಸಿದ್ದನ್ನು ಒರೆಸಿದರು, ಲೆನ್ಸಿನ ಗಾಜು ಸವೆದು ಕನ್ನಡಕದ ಗಾಜಾಗುವ ಹೊತ್ತಿಗೆ ಬಿಟ್ಟರು. ಕಡೆಗೆ ಸ್ಟೂಲನ್ನು ಎತ್ತಿ ಕಿಟಕಿಯ ಈ ಮಗ್ಗುಲಿನಿಂದ ಆ ಮಗ್ಗುಲಿಗೆ ಇಟ್ಟು, "ಒಂದ್ಸಲ ಬಾ" ಎಂದರು. ಇದುವರೆಗೆ ಆಕೆಯ ಎಡಗಡೆಯಿಂದ ಬೀಳುತ್ತಿದ್ದ ಬೆಳಕು ಈಗ ಬಲಗಡೆಯಿಂದ ಬಿತ್ತು. ಕ್ಲಿಕ್.

ಕಂಪ್ಯೂಟರಿನಲ್ಲಿ ನೋಡಿದರು. ಕಲೆಯ ಕಪ್ಪು ಆ ಪಕ್ಕದಿಂದ ಈ ಪಕ್ಕಕ್ಕೆ ಬಂದಿತ್ತು.

ಬೇರೆ ಯಾರಾದರೂ ಆಗಿದ್ದರೆ ಅದರ ಅರ್ಥ ಹೊಳೆಯುತ್ತಿರಲಿಲ್ಲವೇನೋ. ಆದರೆ ಅವರು ಇಡೀ ಆಯುಷ್ಯವನ್ನು ಮೂಗಿನ ನೆರಳು ಯಾವ ಕೆನ್ನೆಯ ಮೇಲೆ ಬೀಳಬೇಕು ಎಂದು ನಿರ್ಧರಿಸುವುದರಲ್ಲೇ ಕಳೆದವರು. ಕಲೆ ಬೆಳಕು ನೋಡಿ ಮಗ್ಗುಲು ಬದಲಿಸುವುದಿಲ್ಲ. ಎತ್ತರವಿರುವ ವಸ್ತುವಿಗೆ ಮಾತ್ರ ನೆರಳು. ಅದು ಗಂಟು.

ಕುರ್ಚಿಯಿಂದ ಎದ್ದವರು ಹೆಂಡತಿಯ ಕಡೆ ತಿರುಗದೆ, ಕ್ಯಾಮೆರಾವನ್ನು ಡಬ್ಬಿಗೆ ತುರುಕಿ, "ಅಂಗಡಿಗೆ ಹೋಗ್ಬರ್ತೀನಿ" ಎಂದು ಹೊರಟೇಬಿಟ್ಟರು.

ದಾರಿಯುದ್ದಕ್ಕೂ ಅವರು ಬೇಡಿಕೊಂಡದ್ದು ಒಂದೇ: ಕ್ಯಾಮೆರಾ ಕೆಟ್ಟಿರಲಿ. ಸೆನ್ಸರ್ ಸೀಳಿರಲಿ, ಲೆನ್ಸಿನೊಳಗೆ ಬೂಷ್ಟು ಹಿಡಿದಿರಲಿ, ಕಂಪನಿಯವರು ಒಳಗೆ ಕ್ಯಾಮೆರಾದ ಬದಲು ಖಾಲಿ ಸೋಪಿನ ಡಬ್ಬಿ ಇಟ್ಟಿರಲಿ. ಹೊಸ ಸಾಮಾನು ಕೆಟ್ಟಿರಲಪ್ಪಾ ಎಂದು ಹರಸಿಕೊಂಡು ಅಂಗಡಿಯ ಮೆಟ್ಟಿಲು ಹತ್ತಿದ ಗಿರಾಕಿ ಲೋಕದಲ್ಲಿ ಅವರೊಬ್ಬರೇ ಇರಬೇಕು.

ಅಂಗಡಿಯವನು ಬಿಳಿ ಗೋಡೆಗೆ ಹಿಡಿದು ತೆಗೆದ, ಗೆರೆಗಳಿದ್ದ ಹಲಗೆಗೆ ಹಿಡಿದು ತೆಗೆದ, ಕತ್ತಲೆಯ ಮೂಲೆಗೆ ಹಿಡಿದು ತೆಗೆದ. ಟಿವಿಯಷ್ಟು ದೊಡ್ಡ ಪರದೆಯ ಮೇಲೆ ಹಾಕಿ ಮೂಲೆಮೂಲೆ ಜಾಲಾಡಿದ.

"ಸಾರ್, ಒಂದು ಚುಕ್ಕೆ ಇಲ್ಲ!"

"ಸರಿಯಾಗಿ ನೋಡಪ್ಪಾ."

"ನೋಡ್ದೆ ಸಾರ್. ಮೂಲೇಲೂ ಶಾರ್ಪು."

"ಎಲ್ಲೋ ಒಂದು ಸಣ್ಣ ಐಬು... ನೆರಳಲ್ಲಿ ಏನಾದ್ರೂ?"

"ನೆರಳಲ್ಲೇ ಸಾರ್ ಇದರ ತಾಕತ್ತು! ಇರೋದೆಲ್ಲ ತೋರ್ಸುತ್ತೆ, ಇಲ್ದೇ ಇರೋದು ಒಂದೂ ತೋರ್ಸಲ್ಲ. ಇಂಥ ಪೀಸ್ ಸಿಕ್ಕಿದ್ದು ನಿಮ್ಮ ಅದೃಷ್ಟ."

ಅವನ ಒಂದೊಂದು ಹೊಗಳಿಕೆಗೂ ಅವರು ಒಂದೊಂದು ಇಂಚು ಕುಗ್ಗಿದರು. ಇನ್ನೆರಡು ಮಾತು ಹೊಗಳಿದ್ದರೆ ಕೌಂಟರಿನ ಈಚೆ ಬರೀ ಟೋಪಿ ಉಳಿಯುತ್ತಿತ್ತು.

"ಯಾಕ್ ಸಾರ್ ಮುಖ ಹೀಗಾಯ್ತು? ಮನಸ್ಸಿಗೆ ಬರ್ಲಿಲ್ಲ ಅಂದ್ರೆ ವಾಪಸ್ ಕೊಟ್ಬಿಡಿ. ವಾರ ಇನ್ನೂ ಮುಗ್ದಿಲ್ಲವಲ್ಲ."

ಅವರು ಡಬ್ಬಿಯನ್ನು ಕೌಂಟರಿನ ಮೇಲೆ ಅವನ ಕಡೆ ತಳ್ಳಿದರು. ಕೈ ಮಾತ್ರ ಅದರ ಮೇಲೇ ಉಳಿಯಿತು. ಕೊಟ್ಟುಬಿಟ್ಟರೆ ನಿಟ್ಟುಸಿರು ಬಿಡುವ ಹಳೆಯ ಕ್ಯಾಮೆರಾ ಮನೆಯಲ್ಲಿತ್ತು; ಅದರಲ್ಲಿ ಹೆಂಡತಿಯ ಕತ್ತು ಕೆನೆಯ ಹಾಗೆ ನುಣುಪಾಗಿತ್ತು; ಎಲ್ಲವೂ ಹೋದ ವಾರದ ಹಾಗೆ ಆಗಿಬಿಡುತ್ತಿತ್ತು. ಅಂಗಡಿಯವನು ಡಬ್ಬಿ ಎಳೆದ. ಬರಲಿಲ್ಲ. ಇನ್ನೊಮ್ಮೆ ಎಳೆದ.

"ಸಾರ್, ಕೈ."

"ಬೇಡಪ್ಪ" ಎಂದರು ಅವರು. "ಇಟ್ಕೋತೀನಿ. ಇದು ಸುಳ್ಳು ಹೇಳಲ್ಲ ಅಂತ ನೀನೇ ಅಂದ್ಯಲ್ಲ."

ಮನೆಗೆ ಬಂದಾಗ ಒಳಗಿನ ರೂಮಿನಲ್ಲಿ ಮೌಸಿನ ಸದ್ದು. ಹೆಂಡತಿ ಬಾಗಿಲಿಗೆ ಬೆನ್ನು ಮಾಡಿ ಕೂತಿದ್ದಳು. ಪರದೆಯ ತುಂಬ ಆಕೆಯದೇ ಕತ್ತು. ಮೌಸು ಗಂಟಿನ ಅಂಚಿನಲ್ಲಿ, ಹಸುಳೆಯ ಬಾಯಿ ಒರೆಸುವಷ್ಟು ಮೆಲ್ಲಗೆ, ಒಂದು ಸಲ ಬಂತು, ಇನ್ನೊಂದು ಸಲ ಬಂತು. ಅರ್ಧ ಗಂಟು ಆಗಲೇ ಇರಲಿಲ್ಲ.

"ಅಲ್ಲಾಡಬೇಡ" ಎಂದರು ಅವರು. ಯಾರಿಗೂ ಕೇಳಿಸದಷ್ಟು ಮೆಲ್ಲಗೆ. ಆದರೂ ಆಕೆಯ ಕೈ ನಿಂತಿತು.

"ಅನ್‌ಡೂ ಮಾಡು."

ಆಕೆ ತಿರುಗಲಿಲ್ಲ. ಕೀಲಿ ಒತ್ತಿದಳು. ಒರೆಸಿದ್ದು ಒಂದೊಂದೇ ಎಳೆಯಾಗಿ ಹಿಂದಕ್ಕೆ ಬಂದು, ಗಂಟು ಪೂರ್ತಿಯಾಗಿ ತನ್ನ ಜಾಗದಲ್ಲಿ ಕೂತಿತು.

"ಎಷ್ಟು ದಿನದಿಂದ?"

"ಹೋದ ವರ್ಷದಿಂದ. ಆಗ ಚಿಕ್ಕದಿತ್ತು."

"ಹೋದ ವರ್ಷದ ಫೋಟೋ ಗೋಡೆ ಮೇಲಿದೆಯಲ್ಲೇ! ಅದ್ರಲ್ಲಿ ಎಲ್ಲಿದೆ?"

"ತೊಳೆದಿದ್ದೆ."

"ಟೆಸ್ಟ್ ಫೋಟೋನಾ? ಟೆಸ್ಟ್ ಫೋಟೋನೂ ತೊಳೆದ್ಯಾ?"

"ಎಲ್ಲಾನೂ ತೊಳೆದಿದ್ದೀನ್ರೀ. ಮೊದಲನೇದ್ರಿಂದ. ನೀವು ಮುಂದೆ ನಿಂತು 'ಏನು ಕ್ಯಾಮೆರಾ ಕಣೇ, ಏನು ಕ್ಯಾಮೆರಾ!' ಅಂತ ಕುಣೀತಿದ್ರಿ. ಹೇಳೋಕೆ ಮನಸ್ಸಾಗ್ತಿರ್ಲಿಲ್ಲ."

ಬೇರೆ ದಿನವಾಗಿದ್ದರೆ ಅವರು ಆ ಮಾತಿಗೆ ಮೂರ್ಛೆ ಹೋಗಬೇಕಿತ್ತು. ಯಾವ ಕ್ಯಾಮೆರಾದ ಬಣ್ಣ ಚೆನ್ನ, ಯಾವುದರ ನೆರಳು ಚೆನ್ನ ಎಂದು ಊರನ್ನೆಲ್ಲ ಕೂರಿಸಿಕೊಂಡು ಕೊಟ್ಟ ತೀರ್ಪುಗಳೆಲ್ಲ ಹೆಂಡತಿಯ ಮುಂಗೈಯ ತೀರ್ಪುಗಳಾಗಿದ್ದವು. ಆದರೆ ಈಗ ಅದು ಎಲ್ಲೋ ದೂರದ ನೆಂಟರ ಸುದ್ದಿಯಂತೆ ಕೇಳಿಸಿತು.

"ನಂಗ್ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ಡಾಕ್ಟ್ರ ಹತ್ರ ಕರ್ಕೊಂಡ್ ಹೋಗ್ತಿದ್ರಿ. ಹೋದ್ರೆ ಅವರು ಏನೋ ಒಂದು ಹೇಳ್ತಿದ್ರು." ಆಕೆ ಪರದೆಯನ್ನೇ ನೋಡುತ್ತಿದ್ದಳು. "ಒರೆಸಿದ್ರೆ ಹೋಗ್ತಿತ್ತು ಕಣ್ರೀ. ಫೋಟೋದಲ್ಲಿ ಹೋಗಿದ್ದು ನೋಡಿದಾಗ ನಿಜವಾಗ್ಲೂ ಹೋಯ್ತು ಅಂತ್ಲೇ ಅನ್ಸೋದು. ಆಮೇಲೆ ನೀರು ಕುಡಿಯುವಾಗ ಮತ್ತೆ ಸಿಗೋದು."

ಅವರು ಕೈಚಾಚಿ ಸ್ಕಾರ್ಫನ್ನು ಸಡಿಲಿಸಿದರು. ಬೆರಳು ಆ ಜಾಗದವರೆಗೂ ಹೋಗಿ, ಮುಟ್ಟುವ ಧೈರ್ಯ ಸಾಲದೆ, ಸ್ವೆಟರಿನ ಕಾಲರನ್ನು ಸರಿಮಾಡಿ ಹಿಂದಕ್ಕೆ ಬಂತು.

ಆಸ್ಪತ್ರೆಯ ಬೆಂಚಿನ ಮೇಲೆ ಅಲ್ಲಾಡಬೇಡಿಯವರು ಅಲ್ಲಾಡಿದಷ್ಟು ಆ ಬೆಂಚು ಹಿಂದೆಂದೂ ಅಲ್ಲಾಡಿರಲಿಕ್ಕಿಲ್ಲ. ಕಾಲು ಕುಣಿಯುತ್ತಿತ್ತು, ಮೊಣಕಾಲು ಕುಣಿಯುತ್ತಿತ್ತು, ಬೆಂಚಿನ ತುದಿಯಲ್ಲಿ ಕೂತಿದ್ದ ಅಜ್ಜಿ ಭೂಕಂಪವೆಂದು ಎದ್ದು ಬಾಗಿಲ ಹತ್ತಿರ ಹೋಗಿ ನಿಂತಳು. "ಸ್ವಲ್ಪ ಸುಮ್ನೆ ಕೂತ್ಕೊಳ್ರೀ" ಎಂದು ಹೆಂಡತಿಯೇ ಸಮಾಧಾನ ಹೇಳಿದಳು. "ಗಂಟು ನಂಗೋ ನಿಮ್ಗೋ?"

ಡಾಕ್ಟರಮ್ಮ ಆಕೆಯನ್ನು ಕಿಟಕಿಯ ಹತ್ತಿರದ ಸ್ಟೂಲಿನ ಮೇಲೆ ಕೂರಿಸಿ, ಕತ್ತು ಸ್ವಲ್ಪ ಮೇಲೆತ್ತಲು ಹೇಳಿ, ಕೈಗೆ ಒಂದು ಲೋಟ ನೀರು ಕೊಟ್ಟರು. ಹೆಂಡತಿ ಕತ್ತು ಎತ್ತಿದಳು. ಕಿಟಕಿಯ ಬೆಳಕು, ಸ್ಟೂಲು, ಎತ್ತಿದ ಕತ್ತು. ಮೂರೂ ಒಟ್ಟಿಗೆ ಕಂಡದ್ದೇ ತಡ, ಆತಂಕದಲ್ಲಿ ಮೈಮೇಲೆ ಪ್ರಜ್ಞೆಯಿಲ್ಲದೆ ಕೂತಿದ್ದವರ ಬಾಯಿಂದ ಆಯುಷ್ಯದ ಕೂಗು ತಾನೇ ಹೊರಬಿತ್ತು.

"ಅಲ್ಲಾಡಬೇಡಿ!"

ಹೆಂಡತಿ ಲೋಟ ಹಿಡಿದ ಹಾಗೇ ಕಲ್ಲಾದಳು. ನರ್ಸ್ ಕಲ್ಲಾದಳು. ಡಾಕ್ಟರಮ್ಮನೂ ಒಂದು ಕ್ಷಣ ಉಸಿರು ಹಿಡಿದರು. ಆ ಮೇಲೆ ಕನ್ನಡಕದ ಮೇಲಿನಿಂದ ನೋಡಿದರು.

"ಯಾರ್ರೀ ಅದು? ಅದು ಅಲ್ಲಾಡುತ್ತಾ ಅಂತ್ಲೇ ನಾನು ನೋಡ್ತಿರೋದು. ನೀವು ಸುಮ್ನಿರಿ. ನೀವು ನುಂಗಿಯಮ್ಮಾ."

ಆಕೆ ನುಂಗಿದಳು. ಡಾಕ್ಟರಮ್ಮ ಬೆರಳಿಟ್ಟು ನೋಡಿದರು. ಇನ್ನೊಂದು ಗುಟುಕು. ಗೋಡೆಯ ಗಡಿಯಾರಕ್ಕೂ ಆ ಕೂಗು ತಾಕಿತ್ತೋ ಏನೋ, ಅಲ್ಲಾಡಬೇಡಿಯವರ ಪಾಲಿಗೆ ಅದು ಮುಂದೆ ಹೋಗಲೇ ಇಲ್ಲ.

"ಅಲ್ಲಾಡ್ತಿದೆ" ಎಂದರು ಡಾಕ್ಟರಮ್ಮ. "ನುಂಗಿದಾಗ ಜೊತೆಗೇ ಮೇಲೆ ಹೋಗಿ ಬರ್ತಿದೆ. ಎಲ್ಲೂ ಗಟ್ಟಿಯಾಗಿ ಅಂಟಿಕೊಂಡಿಲ್ಲ. ಅದು ಒಳ್ಳೇದೇ. ಆದ್ರೂ ಅಷ್ಟಕ್ಕೇ ಏನೂ ಹೇಳೋಕಾಗಲ್ಲ. ಸೂಜಿ ಹಾಕಿ ಸ್ವಲ್ಪ ತೆಗೆದು ಪರೀಕ್ಷೆಗೆ ಕಳಿಸೋಣ."

ಆ ಪರೀಕ್ಷೆಯ ಫಲ ಬರುವವರೆಗಿನ ದಿನಗಳಲ್ಲಿ ಸ್ಟುಡಿಯೋಗೆ ಬಂದವರೆಲ್ಲ ಅಲ್ಲಾಡಿಬಿಟ್ಟರು. ಕೂಗುವವರೇ ಇರಲಿಲ್ಲ. ಕಾಲೇಜಿನ ಗ್ರೂಪ್ ಫೋಟೋದಲ್ಲಿ ಹಿಂದಿನ ಸಾಲು ಪೂರ್ತಿ ಗಾಳಿಗೆ ಸಿಕ್ಕ ಬಟ್ಟೆಯ ಹಾಗೆ ಬಂತು. ಪ್ರಿನ್ಸಿಪಾಲರು ಸೀನಿ ಮೂರು ಮೂಗಿನವರಾದರು. ಟೈಲರ್ ಬಂದು ಬಂದು ಬಾಗಿಲಲ್ಲಿ ನಿಂತ. "ಅಣ್ಣಾ, ನನ್ನ ಕತ್ತು ಇನ್ನೊಂದ್ಸಲ ಬೇಕಾ?" ಎಂದ. ಅವರು ನಗಲಿಲ್ಲ. ಆತ ಕತ್ತಿನ ಟೇಪು ತೆಗೆದು ಕೈಯಲ್ಲಿ ಸುತ್ತುತ್ತಾ, ಮಾತಿಲ್ಲದೆ ಬಹಳ ಹೊತ್ತು ಪಕ್ಕದಲ್ಲೇ ಕೂತ. ಟೈಲರ್ ಮಾತಿಲ್ಲದೆ ಕೂತದ್ದನ್ನು ಆ ರಸ್ತೆ ಅದೇ ಮೊದಲ ಸಲ ನೋಡಿದ್ದು.

ಫಲ ಬಂದ ದಿನ ಡಾಕ್ಟರಮ್ಮ ಕಾಗದವನ್ನು ಮೇಲಿನಿಂದ ಕೆಳಗಿನವರೆಗೆ ಓದಿ, ಸುಮ್ಮನೆ, "ಕೆಟ್ಟದ್ದಲ್ಲ" ಎಂದರು. ಅಲ್ಲಾಡಬೇಡಿಯವರಿಗೆ ಅದು ಅರ್ಥವಾಗಲಿಲ್ಲ. ಹೆಂಡತಿ ಮೊಣಕೈಯಿಂದ ತಿವಿದ ಮೇಲೆ ಅರ್ಥವಾಯಿತು. "ಹಾಗಂತ ಮರೆತುಬಿಡೋ ಹಾಗಿಲ್ಲ" ಎಂದರು ಡಾಕ್ಟರಮ್ಮ. " ಬೆಳೀತಾ ಇದೆಯಾ ಅಂತ ಗಮನ ಇಡ್ಬೇಕು. ಆಗಾಗ ಬಂದು ತೋರ್ಸಿ. ಬೆಳೆದ್ರೆ ತೆಗೆದುಬಿಡೋಣ."

ಗಮನ ಇಡಬೇಕು ಎಂಬ ಮಾತನ್ನು ಅವರು ಹೊತ್ತುಕೊಂಡೇ ಮನೆಗೆ ಬಂದರು. ಅದಕ್ಕೇ ಈಗ ಆ ಸ್ಟುಡಿಯೋದಲ್ಲಿ ಹೊಸದೊಂದು ಪದ್ಧತಿ. ಆಗಾಗ ಒಂದು ಮಧ್ಯಾಹ್ನ ಗಿರಾಕಿಗಳಿಗೆ ಬಾಗಿಲು ಮುಚ್ಚಿ, ಅದೇ ಕಿಟಕಿ, ಅದೇ ಸ್ವೆಟರ್, ಅದೇ ಸ್ಟೂಲು. ಸ್ಕಾರ್ಫಿಲ್ಲ. ಆ ಕಾರ್ಡು ಮಾತ್ರ ಒಳಗಿನ ರೂಮಿಗೆ ಹೋಗುವುದಿಲ್ಲ. ಹಸಿ ಫೋಟೋವನ್ನೇ ಪ್ರಿಂಟು ಹಾಕಿ ಹಿಂದಿನದರ ಪಕ್ಕದಲ್ಲಿಟ್ಟು, ಇಬ್ಬರೂ ತಲೆಗೆ ತಲೆ ತಾಗಿಸಿ ನೋಡುತ್ತಾರೆ.

"ದೊಡ್ಡದಾಗಿದೆಯಾ?"

"ಇಲ್ಲ. ಅಷ್ಟೇ ಇದೆ. ಅಷ್ಟೇ ಇದೆಯಲ್ವಾ?"

"ಅಷ್ಟೇ ಇದೆ ಕಣ್ರೀ. ಎಷ್ಟು ಸಲ ಕೇಳ್ತೀರಾ?"

ಮೊದಲ ಸಲ ಹಾಗೆ ಕೂತಾಗ, ಹೆಂಡತಿ ಬಾಯಿ ಬಿಗಿಹಿಡಿದು, ಉಸಿರು ಬಿಗಿಹಿಡಿದು, ಕೂಗಿಗಾಗಿ ಕಾದಿದ್ದಳು. ಅವರು ಕ್ಯಾಮೆರಾದ ಹಿಂದೆ ಬಾಗಿದರು. ಕ್ಯಾಮೆರಾ ತಾನಾಗಿ ಆಕೆಯ ಕಣ್ಣಿನ ಮೇಲೆ ಹಿಡಿದ ಫೋಕಸ್ಸನ್ನು ಕೆಳಗೆ ಕತ್ತಿಗೆ ತಂದರು. ಪಕ್ಕದ ಮೇಜಿನ ಮೇಲೆ ಒಂದು ಲೋಟ ನೀರಿತ್ತು.

"ಏನ್ರೀ, ಅಲ್ಲಾಡ್ಬೇಡ ಅನ್ನಲ್ವಾ?"

"ನೀರು ಕುಡಿ" ಎಂದರು ಅವರು. "ಕುಡೀತಾನೇ ಇರು. ಅಲ್ಲಾಡ್ಲಿ."